ಸೋತವರಿಗೂ ಒಂದು ಫೋನ್ ಮಾಡಿ

ನಮ್ಮ ಕ್ರೀಡಾ ಡೆಸ್ಕಿಗೆ ಹೊಸದಾಗಿ ಸೇರುವ ಉಪಸಂಪಾದಕರಿಗೆ ನಾನು ಮೊದಲ ವಾರವೇ ಹೇಳುವ ಕತೆ 1941ರದ್ದು, ಅದೂ ಅಮೆರಿಕನ್ ಫುಟ್‌ಬಾಲಿನದ್ದು. ಆ ಆಟ ನಮ್ಮ ಪುಟಕ್ಕೆ ಬರುವುದೇ ವರ್ಷಕ್ಕೊಮ್ಮೆ, ಸೂಪರ್ ಬೌಲ್ ಮುಗಿದ ಮೇಲೆ, ಫೋಟೊ ಚೆನ್ನಾಗಿದ್ದರೆ. ಆದರೂ ತಾಲ್ಲೂಕು ಕಬಡ್ಡಿಯ ಫಲಿತಾಂಶವನ್ನು ಹೇಗೆ ತೆಗೆದುಕೊಳ್ಳಬೇಕು ಅಂತ ಕಲಿಸಲು ನನಗೆ ಇದಕ್ಕಿಂತ ಒಳ್ಳೆಯದು ಸಿಕ್ಕಿಲ್ಲ.

ಆ ವರ್ಷ ಮಿನ್ನೆಸೋಟ ವಿಶ್ವವಿದ್ಯಾಲಯದ ತಂಡ ಒಂದೂ ಪಂದ್ಯ ಸೋಲದೆ ರಾಷ್ಟ್ರೀಯ ಚಾಂಪಿಯನ್ ಆಯಿತು. ಅದರ ಬ್ರೂಸ್ ಸ್ಮಿತ್‌ಗೆ, ವರ್ಷದ ಅತ್ಯುತ್ತಮ ಕಾಲೇಜು ಆಟಗಾರನಿಗೆ ಕೊಡುವ ಹೈಸ್ಮನ್ ಟ್ರೋಫಿ ಬಂತು. ದೊಡ್ಡ ಹೆಡ್ಡಿಂಗೆಲ್ಲ ಇಂಥವರ ಪಾಲು. ಆದರೆ ಶನಿವಾರ ಬಂತೆಂದರೆ ದೇಶದ ತುಂಬ ಸಣ್ಣಪುಟ್ಟ ಕಾಲೇಜುಗಳೂ ಮೈದಾನಕ್ಕಿಳಿಯುತ್ತಿದ್ದವು. ಅವುಗಳ ಸ್ಕೋರು ಸಂಜೆ ಫೋನಿನಲ್ಲಿ ಬರುವುದು, ಭಾನುವಾರದ ಪತ್ರಿಕೆಯಲ್ಲಿ ಇರುವೆ ಸಾಲಿನಂತೆ ಅಚ್ಚಾಗುವುದು. ವಾಲ್ ಸ್ಟ್ರೀಟಿನ ಷೇರು ದಲ್ಲಾಳಿ ಮಾರಿಸ್ ನ್ಯೂಬರ್ಗರ್ ಈ ಪಟ್ಟಿಯನ್ನು ಓದುವವನು. ಹೆಸರೇ ಕೇಳದ ಇಷ್ಟೊಂದು ಕಾಲೇಜುಗಳ ನಡುವೆ ಇನ್ನೊಂದು ಸೇರಿದರೆ ಯಾರಿಗೆ ಗೊತ್ತಾದೀತು? ನ್ಯೂಯಾರ್ಕ್ ಟೈಮ್ಸ್‌ಗೆ ಫೋನ್ ಮಾಡಿ, ನ್ಯೂಜೆರ್ಸಿಯ ಪ್ಲೇನ್‌ಫೀಲ್ಡ್ ಟೀಚರ್ಸ್ ಕಾಲೇಜು ಗೆದ್ದಿತು ಅಂತ ಒಂದು ಸ್ಕೋರು ಬರೆಸಿಯೇಬಿಟ್ಟ. ಅದು ಅಚ್ಚಾಯಿತು. ಪ್ಲೇನ್‌ಫೀಲ್ಡ್ ಅನ್ನುವ ಊರೇನೋ ಇದೆ. ಅಂಥ ಕಾಲೇಜು ಇರಲಿಲ್ಲ.

ಅಲ್ಲಿಗೆ ನಿಲ್ಲಿಸಿದ್ದರೆ ಒಂದು ದಿನದ ತಮಾಷೆ. ಆದರೆ ಫಿಲಡೆಲ್ಫಿಯಾದಲ್ಲಿದ್ದ ಗೆಳೆಯನೊಬ್ಬ ಅಲ್ಲಿನ ಪತ್ರಿಕೆಗಳಿಗೂ ಫೋನ್ ಮಾಡತೊಡಗಿದ. ವಾರ ವಾರವೂ ಪ್ಲೇನ್‌ಫೀಲ್ಡ್‌ನದೇ ಜಯ. ಆಮೇಲೆ ಜೆರ್ರಿ ಕ್ರಾಯ್ಡನ್ ಎಂಬ ಪ್ರಚಾರಾಧಿಕಾರಿ ಹುಟ್ಟಿಕೊಂಡ, ಅವನೂ ನ್ಯೂಬರ್ಗರನೇ. ಪತ್ರಿಕಾ ಪ್ರಕಟಣೆಗಳು ಹೊರಟವು. ತಂಡಕ್ಕೊಬ್ಬ ತಾರೆಯೂ ಬಂದ: ಜಾನಿ ಚಂಗ್, ಚೀನೀ-ಹವಾಯಿ ಮೂಲದ ಹಾಫ್‌ಬ್ಯಾಕ್, ಅಂದರೆ ಚೆಂಡು ಹಿಡಿದು ನುಗ್ಗುವವನು. ಆಟದ ನಡುವಿನ ಬಿಡುವಿನಲ್ಲಿ ಅನ್ನ ತಿಂದು ಬಲ ತುಂಬಿಕೊಳ್ಳುತ್ತಾನಂತೆ! ಕೋಚ್ ‘ಡಬ್ಲ್ಯು ಫಾರ್ಮೇಶನ್’ ಅಂತ ಹೊಸ ವ್ಯೂಹ ಕಂಡುಹಿಡಿದಿದ್ದಾನಂತೆ. ಚೀನೀಯನೆಂದರೆ ಅನ್ನ ಅಂತ ಆಗಿನ ಓದುಗರು ಮೊದಲೇ ನಂಬಿದ್ದರು, ಪತ್ರಕರ್ತರೂ ನಂಬಿದ್ದರು. ಸುಳ್ಳು ಅಲ್ಲಿಯೇ ಸಲೀಸಾಗಿ ಒಳಗೆ ಬಂದದ್ದು ಅಂತ ನನ್ನ ಅಭಿಪ್ರಾಯ. ನ್ಯೂಯಾರ್ಕಿನ ಒಂದು ಪತ್ರಿಕೆಯ ಅಂಕಣಕಾರನಂತೂ ನಾಲ್ಕು ಪಂದ್ಯಗಳಲ್ಲಿ ತಂಡ ಗಳಿಸಿದ 98 ಅಂಕಗಳಲ್ಲಿ 57 ಚಂಗ್‌ನವೇ ಅಂತ ಬರೆದ.

ಈ 98ರಲ್ಲಿ 57 ಅನ್ನುವ ಕಡೆ ನಾನು ಸ್ವಲ್ಪ ಹೊತ್ತು ನಿಲ್ಲುತ್ತೇನೆ. ಹೊಸಬರು ನಗುತ್ತಾರೆ, ನಗಲಿ. ಅಂಕಿಗಳು ಒಂದಕ್ಕೊಂದು ತಾಳೆಯಾದ ತಕ್ಷಣ ಸುದ್ದಿ ಖಾತ್ರಿಯಾಯಿತು ಅಂದುಕೊಳ್ಳುವ ಅಭ್ಯಾಸ ನಮ್ಮಲ್ಲೂ ಇದೆ. ತಾಳೆಯಾಗದೆ ಏನು, ಎಲ್ಲವೂ ಒಬ್ಬನೇ ಕೊಟ್ಟದ್ದು. ನಮಗೆ ಬರುವ ವಾಟ್ಸ್‌ಆ್ಯಪ್ ವರದಿಗಳೂ ಹಾಗೆಯೇ. ಮೊದಲಾರ್ಧದ ಅಂಕ, ಅಂತಿಮ ಅಂಕ, ಉತ್ತಮ ರೇಡರ್, ಟ್ರೋಫಿ ಕೊಟ್ಟ ಮುಖ್ಯ ಅತಿಥಿ, ಅವರ ಪಕ್ಕ ನಿಂತ ನಾಲ್ಕು ಜನರ ಹೆಸರು, ಎಲ್ಲ ಇರುತ್ತದೆ. ಎದುರಾಳಿ ತಂಡದ ಬಗ್ಗೆ ಮಾತ್ರ ಅರ್ಧ ಸಾಲು.

ಪ್ಲೇನ್‌ಫೀಲ್ಡ್ ಇಡೀ ಸೀಸನ್ ಗೆದ್ದಿತಲ್ಲ, ಅಂದರೆ ವಾರಕ್ಕೊಂದು ಕಾಲೇಜು ಸೋಲಬೇಕಿತ್ತು. ಚೆಸ್ಟರ್ಟನ್ ಇತ್ಯಾದಿ ಅವುಗಳ ಹೆಸರೂ ಕಟ್ಟಿದವೇ. ಅವುಗಳಲ್ಲಿ ಒಂದಕ್ಕೆ, ಒಂದೇ ಒಂದು ಸಲ, ಯಾವುದಾದರೂ ಡೆಸ್ಕಿನಿಂದ ಫೋನ್ ಹೋಗಿದ್ದರೆ ಮುಗಿಯುತ್ತಿತ್ತು. ನವೆಂಬರಿನಲ್ಲಿ ಗುಟ್ಟು ಹೊರಬೀಳುವ ಸೂಚನೆ ಸಿಕ್ಕಿದಾಗ ಕ್ರಾಯ್ಡನ್ ಕೊನೆಯ ಪ್ರಕಟಣೆ ಹೊರಡಿಸಿದ: ಆಟಗಾರರು ಪರೀಕ್ಷೆಯಲ್ಲಿ ಫೇಲಾದ ಕಾರಣ ಉಳಿದ ಪಂದ್ಯಗಳು ರದ್ದು. ಹೆರಾಲ್ಡ್ ಟ್ರಿಬ್ಯೂನ್ ಪತ್ರಿಕೆಯ ಕ್ಯಾಸ್ವೆಲ್ ಆ್ಯಡಮ್ಸ್ ಇಡೀ ಕತೆಯನ್ನು ಬಯಲು ಮಾಡಿದ. ತಂಡದ ದಾಖಲೆ ಮಾತ್ರ ಅಜೇಯವಾಗಿಯೇ ಉಳಿಯಿತು ಅನ್ನಿ.

ಹಾಗಾಗಿ ನಮ್ಮಲ್ಲಿ ಒಂದು ಪದ್ಧತಿ. ಗೆದ್ದವರ ಫೋನ್ ತಾನಾಗಿ ಬರುತ್ತದೆ, ಸೋತವರಿಗೆ ನಾವು ಮಾಡಬೇಕು. ಅವರಿಗೆ ಗೆದ್ದವರನ್ನು ಹೊಗಳುವ ದರ್ದು ಇಲ್ಲ. ಫೈನಲ್ ನಡೆದೇ ಇಲ್ಲ, ನಾವು ಬಸ್ಸಿಗೆ ಹೊತ್ತಾಯಿತೆಂದು ಹೊರಟುಬಂದೆವು, ಅವರಿಗೆ ವಾಕೋವರ್ ಕೊಟ್ಟರು ಅನ್ನುತ್ತಾರೆ. ‘ರಾಜ್ಯಮಟ್ಟದ ಪಂದ್ಯಾವಳಿ’ಗೆ ಬಂದ ತಂಡಗಳೆಲ್ಲ ಒಂದೇ ಹೋಬಳಿಯವು ಅನ್ನುವುದೂ ಅವರಿಂದಲೇ ಗೊತ್ತಾಗುವುದು. ಎರಡು ಸಾಲಿನ ಸುದ್ದಿಗೆ ಇಷ್ಟೆಲ್ಲ ಬೇಕಾ ಸರ್ ಅಂತ ಪ್ರತಿ ಬ್ಯಾಚಿನಲ್ಲೂ ಒಬ್ಬರು ಕೇಳುತ್ತಾರೆ. ಆ ಎರಡು ಸಾಲಿನ ಕಟಿಂಗ್ ಎಲ್ಲೆಲ್ಲಿಗೆ ಹೋಗುತ್ತದೆ ಅಂತ ಅವರಿಗೆ ಇನ್ನೂ ಗೊತ್ತಿರುವುದಿಲ್ಲ. ಅದು ಲ್ಯಾಮಿನೇಟ್ ಆಗುತ್ತದೆ, ದೇಣಿಗೆ ಅರ್ಜಿಗೆ ಲಗತ್ತಾಗುತ್ತದೆ, ಮುಂದಿನ ವರ್ಷದ ಬ್ಯಾನರಿನ ಮೇಲೆ ಹತ್ತುತ್ತದೆ.

ಇದರ ಕಷ್ಟವೂ ಇದೆ. ಸೋತವರು ಬೇಗ ಫೋನ್ ಇಡುವುದಿಲ್ಲ. ರೆಫ್ರಿ ಯಾರ ಸಂಬಂಧಿ, ಬೋನಸ್ ಅಂಕ ಯಾಕೆ ಕೊಡಲಿಲ್ಲ, ಮ್ಯಾಟ್ ಹೇಗಿತ್ತು, ಎಲ್ಲ ಕೇಳಬೇಕು. ಅವರ ಮಾತೂ ಪೂರ್ತಿ ಸತ್ಯವೇನಲ್ಲ. ಆದರೆ ಪಂದ್ಯ ನಡೆಯಿತೇ, ಯಾರ ನಡುವೆ, ಯಾರು ಗೆದ್ದರು ಅನ್ನುವ ಮೂರಕ್ಕೆ ಎರಡೂ ಕಡೆಯವರು ಒಂದೇ ಉತ್ತರ ಕೊಟ್ಟರೆ ನನಗೆ ಸಾಕು. ಪುಟ ಬಿಡುವ ಹೊತ್ತಾದರೂ ಅವರು ಫೋನ್ ಎತ್ತದಿದ್ದರೆ ಸುದ್ದಿ ನಾಳೆಗೆ. ಆ ಜಾಗಕ್ಕೆ ಏಜೆನ್ಸಿಯ ಟೆನಿಸ್ ಇದ್ದೇ ಇರುತ್ತದೆ. ಬೆಳಿಗ್ಗೆ ಗೆದ್ದ ತಂಡದವರು ಕರೆ ಮಾಡಿ ಬಯ್ಯುತ್ತಾರೆ. ಅದೇ ಕರೆಯಲ್ಲಿ ಸೋತವರ ಇನ್ನೊಂದು ನಂಬರ್ ಇದ್ದರೆ ಕೊಡಿ ಅಂತ ಕೇಳುತ್ತೇವೆ.