ಐದು ಗಂಟೆಗೆ ಬಾಗಿಲು ಹಾಕಿ ಅಂದರೆ ದರ್ಶಿನಿ ನಡೆಯುತ್ತಾ?

ಅಂಗಡಿ ಮುಚ್ಚಿಸೋಕೆ ಒಂದು ಆದೇಶ ಸಾಕು. ತೆರೆಸೋದೇ ಕಷ್ಟ. ಕೊರೊನಾ ಎರಡನೇ ಅಲೆಯ ಹೊತ್ತಲ್ಲಿ ಬೆಂಗಳೂರಿನ ನಮ್ಮ ಬೀದಿಯ ದರ್ಶಿನಿಯಲ್ಲಿ ಇದನ್ನು ಕಣ್ಣಾರೆ ಕಂಡೆ.

2021ರ ಏಪ್ರಿಲ್ ಕೊನೆಯ ವಾರಗಳಿಂದಲೇ ಹೋಟೆಲುಗಳಲ್ಲಿ ಬರೀ ಪಾರ್ಸೆಲ್. ಮೇ 10ರ ಲಾಕ್‌ಡೌನ್ ಆದೇಶದಲ್ಲಿ ಅದನ್ನು ತರೋಕೂ ಗಾಡಿ ತೆಗೆಯುವಂತಿಲ್ಲ, ನಡೆದೇ ಹೋಗಬೇಕು ಅಂದರು. ಇಡ್ಲಿ, ಚಿತ್ರಾನ್ನ ಹೇಗೋ ನಡೆಯುತ್ತೆ. ಮಸಾಲೆ ದೋಸೆ ಮನೆ ಸೇರೋ ಹೊತ್ತಿಗೆ ಮೆತ್ತಗಾಗಿರುತ್ತೆ. ಇನ್ನು ಬೈ ಟು ಕಾಫಿಯನ್ನು ಯಾರು ಕಟ್ಟಿಸಿಕೊಂಡು ಹೋಗ್ತಾರೆ?

ಜೂನ್ 14ರಿಂದ ಜಿಲ್ಲಾವಾರು ಸಡಿಲಿಕೆ ಶುರುವಾಯಿತು. 21ರಿಂದ, ಪಾಸಿಟಿವಿಟಿ (ಪರೀಕ್ಷೆ ಮಾಡಿಸಿದವರಲ್ಲಿ ಸೋಂಕು ಕಂಡವರ ಪ್ರಮಾಣ) ಶೇ. 5ಕ್ಕಿಂತ ಕಡಿಮೆ ಇದ್ದ ಜಿಲ್ಲೆಗಳಲ್ಲಿ ಹೋಟೆಲಲ್ಲೇ ಕೂತು ತಿನ್ನಬಹುದು ಅಂದರು. ಎಸಿ ಹಾಕುವಂತಿಲ್ಲ, ಅರ್ಧದಷ್ಟು ಗಿರಾಕಿ ಮಾತ್ರ, ಸಂಜೆ 5ಕ್ಕೆ ಬಂದ್. ಕೇಳೋಕೆ ಚೆನ್ನಾಗಿದೆ. ಆದರೆ ದರ್ಶಿನಿಯಲ್ಲಿ ಬೋಂಡಾ, ಬಜ್ಜಿಗೆ ಎಣ್ಣೆ ಕಾಯೋದೇ ನಾಲ್ಕರ ಮೇಲೆ. ಜನ ಬರೋ ಹೊತ್ತಿಗೆ ಶಟರ್ ಎಳೀಬೇಕು. ಶುಕ್ರವಾರ ರಾತ್ರಿಯಿಂದ ಮತ್ತೆ ವಾರಾಂತ್ಯ ಕರ್ಫ್ಯೂ, ಹಾಗಾಗಿ ಎಷ್ಟು ಅಕ್ಕಿ ನೆನೆ ಹಾಕಬೇಕು ಅನ್ನೋದೇ ಭಟ್ಟರಿಗೆ ದೊಡ್ಡ ತಲೆನೋವು, ಯಾಕಂದ್ರೆ ಹಿಟ್ಟು ರುಬ್ಬಿ ಇಟ್ಟರೆ ಅದು ಸರ್ಕಾರದ ಆದೇಶಕ್ಕೆ ಕಾಯಲ್ಲ, ಹುಳಿ ಬಂದೇ ಬರುತ್ತೆ. ಬಾಡಿಗೆಯಂತೂ ಪೂರ್ತಿ ಕಟ್ಟಲೇಬೇಕು.

ಜಿಲ್ಲೆ ಲೆಕ್ಕದಲ್ಲೂ ಇದೇ ಕಥೆ. ಬೆಂಗಳೂರು, ರಾಮನಗರ, ಮಂಡ್ಯ ತೆರೆದವು, ಮೈಸೂರು ತೆರೆಯಲಿಲ್ಲ. ಮೈಸೂರು ರಸ್ತೆಯಲ್ಲಿ ಮದ್ದೂರಿನ ಹೋಟೆಲಿನವರು ಬಾಗಿಲು ತೆಗೆದು ಕೂತರೂ ಗಿರಾಕಿ ಬರಬೇಕಲ್ವಾ? ಆ ಹೋಟೆಲುಗಳು ಇರೋದೇ ಓಡಾಡೋ ಜನರನ್ನು ನಂಬಿಕೊಂಡು.

ನಿರ್ಬಂಧವೇ ಬೇಡ ಅಂತ ನಾನು ಹೇಳ್ತಿಲ್ಲ. ಆ ವರ್ಷ ಏಪ್ರಿಲ್, ಮೇ ತಿಂಗಳಲ್ಲಿ ಬೆಡ್‌ಗೆ, ಆಕ್ಸಿಜನ್‌ಗೆ ಜನ ಪಟ್ಟ ಪಾಡು ನೋಡಿದವರು ಯಾರೂ ಹಾಗೆ ಹೇಳಲ್ಲ. ನನ್ನ ತಕರಾರು ಗಡಿಯಾರದ ಬಗ್ಗೆ. ಬಟ್ಟೆ ಅಂಗಡಿಗೂ ಹೋಟೆಲಿಗೂ ಒಂದೇ ಹೊತ್ತು ಯಾಕೆ? ಮಧ್ಯಾಹ್ನ ಮುಚ್ಚಿಸಿ, ಸಂಜೆ ಎರಡು ಗಂಟೆ ಬಿಟ್ಟಿದ್ದರೂ ಒಲೆ ಹಚ್ಚಿದ್ದು ಸಾರ್ಥಕ ಆಗುತ್ತಿತ್ತು.

ಜುಲೈ 5ರಿಂದ ರಾತ್ರಿ 9ರವರೆಗೂ ಬಿಟ್ಟರು. ಅಷ್ಟರಲ್ಲಿ ಊರಿಗೆ ಹೋಗಿದ್ದ ಹುಡುಗರು ಅರ್ಧದಷ್ಟೂ ವಾಪಸ್ ಬಂದಿರಲಿಲ್ಲ. ಆಫೀಸಿನವರು ಇನ್ನೂ ಮನೆಯಿಂದಲೇ ಕೆಲಸ ಮಾಡ್ತಿದ್ದರು. ಇನ್ನೊಂದು ಸಲ ಇಂಥ ಕಾಲ ಬಂದರೆ, ಆದೇಶ ಬರೆಯೋ ಮುಂಚೆ ಅಡುಗೆಮನೆಯಲ್ಲಿ ನಿಂತವರನ್ನು ಒಮ್ಮೆ ಕೇಳಲಿ.