ಚಕ್ಕುಬಂದಿ ಇಲ್ಲದ ದಾನಪತ್ರ

ಇಂಗ್ಲೆಂಡಿನ ಹರ್ನ್ ಬೇ ಸ್ಟೇಷನ್ನಿನಲ್ಲಿ ಇಳಿದು ಕಡಲ ದಂಡೆಯಲ್ಲೇ ರೆಕಲ್ವರ್‌ಗೆ ಹೊರಟೆ. ಮೂರು ಮೈಲಿ ಅಂದಿದ್ದರು, ಎದುರುಗಾಳಿಗೆ ಅದು ಆರಾಯಿತು. ಬಿಚ್ಚಿದ ಕೊಡೆ ಮಗುಚಿಕೊಂಡು ತಾವರೆಯಾಯಿತು.

ದೂರದಿಂದಲೇ ಜೋಡಿ ಗೋಪುರ ಕಾಣುತ್ತದೆ, 12ನೇ ಶತಮಾನದ್ದು. ಅದರ ಹಿಂದಿದ್ದ ಹಳೇ ಚರ್ಚನ್ನು 1809ರಲ್ಲಿ ಕೆಡವಿದರು. ಗೋಪುರಗಳು ಮಾತ್ರ ಹಡಗಿನವರಿಗೆ ಗುರುತಾಗಿ ಉಳಿದುಕೊಂಡವು.

ನಾನು ಬಂದದ್ದು ಒಂದು ಚರ್ಮದ ಹಾಳೆಯ ಬೆನ್ನುಹತ್ತಿ. 679ರ ಮೇ ತಿಂಗಳಲ್ಲಿ ಕೆಂಟ್‌ನ ದೊರೆ ಹ್ಲೋಥ್‌ಹೇರ್ ಇದೇ ಊರಲ್ಲಿ, ಇಲ್ಲಿನ ಮಠಾಧಿಪತಿ ಬೆರ್ಟ್‌ವಾಲ್ಡ್‌ಗೆ ಥ್ಯಾನೆಟ್ ದ್ವೀಪದ ಜಮೀನು ಬರೆದುಕೊಟ್ಟ. ಇಂಗ್ಲೆಂಡಿನಲ್ಲಿ ಮೂಲಪ್ರತಿಯಾಗಿಯೇ ಉಳಿದಿರುವ ಭೂದಾನಪತ್ರಗಳಲ್ಲಿ ಇದೇ ಅತಿ ಹಳೆಯದು. ಭಾಷೆ ಲ್ಯಾಟಿನ್. ಈಗ ಬ್ರಿಟಿಷ್ ಲೈಬ್ರರಿಯ ಆಸ್ತಿ.

ಹೊಲ, ಹುಲ್ಲುಗಾವಲು, ಜೌಗು, ಕಿರುಗಾಡು, ಮೀನು ಹಿಡಿಯುವ ಜಾಗ, ಎಲ್ಲ ಸೇರಿಸಿ ಕೊಟ್ಟೆ ಅನ್ನುತ್ತಾನೆ ದೊರೆ. ಅನುವಾದ ಓದುವಾಗ ನಾನು ಹುಡುಕಿದ್ದು ಚಕ್ಕುಬಂದಿ. ಅಜ್ಜನ ಕ್ರಯಪತ್ರದಲ್ಲಿ 'ಪೂರ್ವಕ್ಕೆ ಹಳ್ಳ, ಪಶ್ಚಿಮಕ್ಕೆ ಇಂಥವರ ತೋಟ' ಅಂತ ಓದಿ ಬೆಳೆದವನಿಗೆ ಮತ್ತೇನು ಹೊಳೆದೀತು? ಇಲ್ಲಿ ಅದೇ ಇಲ್ಲ! ನಾನೂ ನನ್ನ ಅಧಿಕಾರಿಗಳೂ ತೋರಿಸಿಕೊಟ್ಟ, ಎಲ್ಲರಿಗೂ ಗೊತ್ತಿರುವ ಎಲ್ಲೆ ಎಂದಷ್ಟೇ ಹೇಳಿ ಮುಗಿಸಿದ್ದಾನೆ. ಹಳ್ಳ, ಮುಳ್ಳುಮರ, ಕಲ್ಲು ಎಂದು ಎಲ್ಲೆಯನ್ನು ಅಲ್ಲಿನ ಜನರ ಆಡುನುಡಿಯಾದ ಹಳೆ ಇಂಗ್ಲಿಷಿನಲ್ಲಿ ಉದ್ದಕ್ಕೂ ಬರೆಯುವ ರೂಢಿ ಬಲವಾದದ್ದು ಆಮೇಲೆ.

ದಾನಕ್ಕೆ ಅಡ್ಡಬಂದವನು ಕ್ರೈಸ್ತ ಸಮುದಾಯದಿಂದ ಹೊರಗೆ, ಅವನಿಗೆ ಪರಮಪ್ರಸಾದವೂ ಇಲ್ಲ. ಅರವತ್ತು ಸಾವಿರ ವರ್ಷ ಅಮೇಧ್ಯದ ಹುಳುವಾಗಿಸುವ ನಮ್ಮ ಶಾಸನಗಳ ಮುಂದೆ ಇದು ಮೆದು ಶಾಪವೇ. ಶಾಪಕ್ಕಿಂತ ನನ್ನನ್ನು ಕಾಡಿದ್ದು ಒಪ್ಪಿಗೆ ಕೊಟ್ಟವರ ಸಾಲು: ಆರ್ಚ್‌ಬಿಷಪ್ ಥಿಯೊಡೋರ್, ಪಕ್ಕದಲ್ಲೇ ದೊರೆಯ ಅಣ್ಣನ ಮಗ ಎಡ್ರಿಕ್. ಆರು ವರ್ಷ ಕಳೆಯುವುದರೊಳಗೆ ಅದೇ ಎಡ್ರಿಕ್ ನೆರೆರಾಜ್ಯ ಸಸೆಕ್ಸಿನವರನ್ನು ಕಟ್ಟಿಕೊಂಡು ಚಿಕ್ಕಪ್ಪನ ಮೇಲೆ ದಂಡೆತ್ತಿ ಬಂದ. ಆ ಕಾಳಗದ ಗಾಯದಿಂದಲೇ 685ರಲ್ಲಿ ಹ್ಲೋಥ್‌ಹೇರ್ ಸತ್ತ. ಬೆರ್ಟ್‌ವಾಲ್ಡ್ ಮಾತ್ರ ಮುಂದೆ ಕ್ಯಾಂಟರ್ಬರಿಯ ಆರ್ಚ್‌ಬಿಷಪ್ಪಾಗಿ ಬಹುಕಾಲ ಬಾಳಿದ.

ಗೋಪುರದ ಬುಡದಲ್ಲಿ ನಿಂತರೆ ಕೆಳಗೇ ಕಡಲು. ಮಠಕ್ಕೆ ನೆಲೆಯಾಗಿದ್ದ ರೋಮನ್ ಕೋಟೆಯ ಉತ್ತರದ ಭಾಗವನ್ನು ಅದು ಆಗಲೇ ನುಂಗಿಯಾಗಿದೆ. ಪೂರ್ವಕ್ಕೆ ತಿರುಗಿ ಥ್ಯಾನೆಟ್ ಹುಡುಕಿದೆ. ದ್ವೀಪವನ್ನು ಬೇರ್ಪಡಿಸಿದ್ದ ವಾಂಟ್‌ಸಮ್ ಕಡಲ್ಗಾಲುವೆ ಹೂಳು ತುಂಬಿ ಬಯಲಾಗಿದೆ.

ನಾಯಿ ಅಡ್ಡಾಡಿಸುತ್ತಿದ್ದ ಮುದುಕರೊಬ್ಬರನ್ನು ದ್ವೀಪ ಎಲ್ಲಿಂದ ಶುರು ಎಂದು ಕೇಳಿದೆ. ಕೈಕೋಲೆತ್ತಿ, ಹೊಲಗಳ ಮೇಲೆ ಗಾಳಿಯಲ್ಲೇ ಒಂದು ಗೆರೆ ಎಳೆದು ತೋರಿಸಿದರು.