ಗುಮ್ಮಟದ ಮೇಲಿನ ‘ಪಿ’

ಲಾಂಡ್ರಿ ಮೆಷಿನ್‌ಗೆ ಕ್ವಾರ್ಟರ್ (ಅಮೆರಿಕದ 25 ಸೆಂಟ್ ನಾಣ್ಯ) ಬೇಕಿತ್ತು, ಚಿಲ್ಲರೆ ಡಬ್ಬಿ ಸುರಿದೆ. ಒಂದು ಮಂಕು ನಿಕಲ್ ಕೈಗೆ ಸಿಕ್ತು. ಐದು ಸೆಂಟ್ ನಾಣ್ಯ, 1943ರದ್ದು.

ತಿರುಗಿಸಿದ್ರೆ, ಹಿಂಬದಿ ಚಿತ್ರದಲ್ಲಿ ಹಳೇ ಅಧ್ಯಕ್ಷ ಜೆಫರ್ಸನ್ ಮನೆಯ ಗುಮ್ಮಟದ ಮೇಲೆ ದೊಡ್ಡದಾಗಿ ‘ಪಿ’.

ಆ ಅಕ್ಷರದಲ್ಲೇ ಇರೋದು ಗುಟ್ಟು. ಯುದ್ಧಕ್ಕೆ ನಿಕಲ್ ಲೋಹ ಬೇಕು ಅಂತ 1942ರಿಂದ 1945ರ ತನಕ ಈ ನಿಕಲ್‌ನಲ್ಲಿ ನಿಕಲ್ಲೇ ಇರಲಿಲ್ಲ! ನೂರಕ್ಕೆ 35 ಪಾಲು ಬೆಳ್ಳಿ, ಮಿಕ್ಕಿದ್ದು ತಾಮ್ರ, ಮ್ಯಾಂಗನೀಸ್. ಗುರುತು ಸಿಗಲಿ ಅಂತ ಟಂಕಸಾಲೆಯ ಅಕ್ಷರ ದೊಡ್ಡದು. ಫಿಲಡೆಲ್ಫಿಯಾ ಟಂಕಸಾಲೆ ನಾಣ್ಯದ ಮೇಲೆ ‘ಪಿ’ ಹಾಕಿದ್ದೂ ಆಗಲೇ ಮೊದಲು.

ಸಾಹುಕಾರ ಆಗ್ಲಿಲ್ಲ ಬಿಡಿ. ಸವೆದದ್ದಕ್ಕೆ ಹೆಚ್ಚುಕಮ್ಮಿ ಬೆಳ್ಳಿ ರೇಟು ಅಷ್ಟೇ.

ಟಂಕಸಾಲೇಲಿ ಅಚ್ಚನ್ನ ಜಾಸ್ತಿ ಉಜ್ಜಿ, ಚಿತ್ರದ ಕಾಡುಕೋಣದ ಒಂದು ಮುಂಗಾಲೇ ಅಳಿಸಿಹೋದ 1937ರ ಡೆನ್ವರ್ ಟಂಕಸಾಲೆಯ ನಿಕಲ್ ಆಗಿದ್ರೆ? ಆ ಮೂರು ಕಾಲಿನ ಕೋಣಕ್ಕೆ ನೂರಾರು ಡಾಲರ್!

ಕ್ವಾರ್ಟರ್ ಮಾತ್ರ ಇನ್ನೂ ಒಂದು ಕಮ್ಮಿ.